ದಂಡು ಹೋದ ಮೇಲೆ: ಮೈಸೂರು ಯುದ್ಧಗಳ ದೀರ್ಘಪರಿಣಾಮವೂ ಕನ್ನಡ ವಾಙ್ಮಯವೂ

೧

ಕ್ರಿ. ಶ. ೧೭೬೭ರಿಂದ ೧೭೯೯ರ ವರೆಗೆ ಮೈಸೂರು ಸೀಮೆಯಲ್ಲಿ ನಡೆದ ನಾಲ್ಕು ಯುದ್ಧಗಳನ್ನು ಕುರಿತು ಗ್ರಂಥಗಳಿಗೆ ಕೊರತೆಯಿಲ್ಲ. ವಿಲ್ಕ್ಸನು ೧೮೧೦ರಿಂದ ೧೮೧೭ರ ವರೆಗೆ ಮೂರು ಸಂಪುಟಗಳಲ್ಲಿ ಪ್ರಕಟಿಸಿದ ದಕ್ಷಿಣ ಹಿಂದೂಸ್ಥಾನದ ಇತಿಹಾಸ ಮೊದಲುಗೊಂಡು, ಸಿ. ಹಯವದನರಾಯರು ೧೯೪೩ರಿಂದ ೧೯೪೬ರ ವರೆಗೆ ಹೊರತಂದ ಮೈಸೂರಿನ ಚರಿತ್ರೆಯ ತನಕ, ಕೋಟೆಗಳು ಬಿದ್ದ ದಿನಗಳೂ ಸೇನೆಗಳ ಪ್ರಮಾಣವೂ ಕೌಲುಗಳ ಷರತ್ತುಗಳೂ ವಿಶದವಾಗಿ ನಿರೂಪಿತವಾಗಿವೆ. ಆದರೆ ದಂಡು ಬಂದು ಹೋದ ನಾಡಿನಲ್ಲಿ ಉಳಿದವರ ಪಾಡು ಏನಾಯಿತು, ಆ ಪಾಡು ಎಷ್ಟು ತಲೆಮಾರುಗಳ ವರೆಗೆ ಮುಂದುವರಿಯಿತು, ಕನ್ನಡ ಬರೆವಣಿಗೆ ಅದಕ್ಕೆ ಎಷ್ಟು ಮಾತು ಕೊಟ್ಟಿತು ಎಂಬ ಪ್ರಶ್ನೆಗಳು ಇತಿಹಾಸಕ್ಕೂ ಸಾಹಿತ್ಯವಿಮರ್ಶೆಗೂ ನಡುವಣ ಗಡಿಯಲ್ಲಿ ನಿಂತಿವೆ. ಇತಿಹಾಸಕಾರರು ಅವುಗಳನ್ನು ಸಾಹಿತ್ಯದವರಿಗೂ, ಸಾಹಿತ್ಯದವರು ಇತಿಹಾಸಕಾರರಿಗೂ ಬಿಟ್ಟಂತೆ ತೋರುತ್ತದೆ.

ಈ ಪ್ರಶ್ನೆಗಳನ್ನು ಪರ್ಯಾಲೋಚಿಸುವುದಕ್ಕೆ ತುಮಕೂರು ಜಿಲ್ಲೆಯ ತೆಂಗಿನ ನಾಡು, ಎಂದರೆ ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ತಾಲ್ಲೂಕುಗಳು, ತಕ್ಕ ಕ್ಷೇತ್ರವಾಗಿದೆ. ಇಲ್ಲಿಯ ಸ್ಥಳನಾಮಗಳೇ ವಿಚಾರಕ್ಕೆ ಮೊದಲ ಆಧಾರವನ್ನು ಒದಗಿಸುತ್ತವೆ. ತುರುವೇಕೆರೆ ತಾಲ್ಲೂಕಿನ ಅಮ್ಮಸಂದ್ರವು ಇತ್ತೀಚಿನ ಕಾಲದಲ್ಲಿ ರೈಲು ನಿಲ್ದಾಣದಿಂದಲೂ ಸಿಮೆಂಟು ಕಾರ್ಖಾನೆಯಿಂದಲೂ ಪ್ರಸಿದ್ಧವಾದ ಊರು. ಅದರ ಹೆಸರಿನ ಉತ್ತರಪದವಾದ ‘ಸಂದ್ರ’ವು ‘ಸಮುದ್ರ’ ಶಬ್ದದ ಸವೆದ ರೂಪ. ಹಳೆಯ ಮೈಸೂರು ಸೀಮೆಯಲ್ಲಿ ಈ ಶಬ್ದಕ್ಕೆ ಕೆರೆಯೆಂದೇ ಅರ್ಥ. ಅದರ ನೆರೆಯ ಊರು ದಂಡಿನಶಿವರ. ಆ ಹೆಸರಿನ ಪೂರ್ವಪದದಲ್ಲಿ ದಂಡು ನಿಂತಿದೆ. ಯಾವ ಅರಸನ ದಂಡು, ಯಾವ ಕಾಲದ ದಂಡು ಎಂಬುದನ್ನು ಹೆಸರು ಹೇಳುವುದಿಲ್ಲ. ಹೇಳುವ ಅಗತ್ಯವೂ ಊರವರಿಗೆ ಕಂಡಂತಿಲ್ಲ. ಒಂದು ಊರು ಕೆರೆಯಿಂದ ಹೆಸರು ಪಡೆದಿದೆ, ಇನ್ನೊಂದು ಊರಿನ ಹೆಸರಿಗೆ ದಂಡು ಸೇರಿಕೊಂಡಿದೆ. ಕೆರೆ ಕಟ್ಟುವುದಕ್ಕೂ ತೋಟ ಬೆಳೆಸುವುದಕ್ಕೂ ಬೇಕಾಗುವ ಕಾಲ ಒಂದು. ಅವುಗಳನ್ನು ಕೆಡಿಸುವುದಕ್ಕೆ ಬೇಕಾಗುವ ಕಾಲ ಇನ್ನೊಂದು. ಯುದ್ಧದ ದೀರ್ಘಪರಿಣಾಮವೆಂಬುದು ಈ ಎರಡು ಕಾಲಗಳ ಅಂತರದಲ್ಲಿಯೇ ಇದೆಯೆಂಬುದು ಪ್ರಕೃತ ಲೇಖನದ ಪ್ರತಿಪಾದ್ಯ.

೨

ಈ ಪ್ರಾಂತಕ್ಕೆ ಪರಸೇನೆಗಳ ಪರಿಚಯವು ೧೭೯೧ರಲ್ಲಿ ಆರಂಭವಾದುದಲ್ಲ. ಉತ್ತರಕ್ಕಿರುವ ಶಿರಾ ೧೬೮೭ರಲ್ಲಿ ಮೊಗಲರ ಸುಬೆಯ ರಾಜಧಾನಿಯಾಯಿತು. ೧೭೫೭ರಲ್ಲಿ ಮರಾಠರ ಕೈಸೇರಿತು. ೧೭೬೧ರಲ್ಲಿ ಹೈದರನ ವಶವಾಯಿತು. ೧೭೬೬ರಲ್ಲಿ ಮರಳಿ ಮರಾಠರಿಗೆ ಹೋಯಿತು. ೧೭೭೪ರಲ್ಲಿ ಟಿಪ್ಪು ಅದನ್ನು ಹಿಂದಕ್ಕೆ ಪಡೆದ. ಹದಿನೇಳು ವರ್ಷಗಳಲ್ಲಿ ನಾಲ್ಕು ಸಲ ಒಡೆಯರು ಬದಲಾದ ಪಟ್ಟಣದ ಸುತ್ತಲಿನ ಹಳ್ಳಿಗಳಲ್ಲಿ ಕಂದಾಯವನ್ನು ಯಾರಿಗೆ ಕೊಡಬೇಕೆಂಬುದೇ ಪ್ರಶ್ನೆಯಾಗಿದ್ದಿರಬೇಕು. ಶ್ರೀರಂಗಪಟ್ಟಣದ ಬಳಿಯ ಗಂಜಾಂ ಪೇಟೆಯನ್ನು ತುಂಬಿಸುವುದಕ್ಕಾಗಿ ಶಿರಾದಿಂದ ೧೨,೦೦೦ ಕುಟುಂಬಗಳನ್ನು ಬಲಾತ್ಕಾರವಾಗಿ ಸಾಗಿಸಲಾಯಿತೆಂದು ಗ್ಯಾಸೆಟಿಯರುಗಳು ಹೇಳುತ್ತವೆ. ಆದಕಾರಣ ಜನರು ನೆಲೆ ತಪ್ಪಿದ್ದಕ್ಕೆ ಹೊರಗಿನವರಷ್ಟೇ ಕಾರಣರೆಂದು ಹೇಳುವುದು ಸತ್ಯಕ್ಕೆ ದೂರವಾಗುತ್ತದೆ.

೧೭೯೧ನೆಯ ಮಾರ್ಚಿ ೨೧ರಂದು ಬೆಂಗಳೂರಿನ ಕೋಟೆ ಕಾರ್ನ್‌ವಾಲಿಸನ ವಶವಾಯಿತು. ಮೇ ೧೫ರಂದು ಅರಕೆರೆಯ ಬಳಿ ಕಾಳಗ ನಡೆಯಿತು. ಆದರೆ ಧಾನ್ಯ ತೀರಿ, ದನಗಳು ಸತ್ತು, ಮುತ್ತಿಗೆಗೆಂದು ತಂದ ಭಾರಿ ಫಿರಂಗಿಗಳನ್ನು ತಾನೇ ಒಡೆಸಿ ಕಾರ್ನ್‌ವಾಲಿಸನು ಹಿಂದಿರುಗಬೇಕಾಯಿತು. ಅದೇ ಸಮಯದಲ್ಲಿ ಪರಶುರಾಮ ಭಾವು, ಹರಿಪಂತ ಫಡಕೆ ಇವರ ಮರಾಠಾ ಸೇನೆಗಳು ಬಂದು ಕೂಡಿಕೊಂಡವು. ಮರಾಠರ ಪಾಳೆಯದ ಬಜಾರಿನಲ್ಲಿ ದೊರೆತ ಧಾನ್ಯದಿಂದ ಕಂಪೆನಿಯ ಸೇನೆ ಬದುಕಿತೆಂಬುದನ್ನು ಇಂಗ್ಲಿಷ್ ಗ್ರಂಥಕಾರರು ಸಂತೋಷದಿಂದ ಬರೆದಿದ್ದಾರೆ. ದಂಡಿನ ಬಜಾರಿಗೆ ಬರುವ ಧಾನ್ಯ ಬಹುಮಟ್ಟಿಗೆ ದಂಡು ಹಾದುಬಂದ ಹಳ್ಳಿಗಳ ಹಗೇವುಗಳದೇ ಎಂಬುದನ್ನು ಬರೆಯುವ ಪ್ರಸಂಗ ಅವರಿಗೆ ಬಂದಿಲ್ಲ. ಚಿಕ್ಕನಾಯಕನಹಳ್ಳಿಯನ್ನು ಪರಶುರಾಮ ಭಾವುವಿನ ಸೇನೆ ಕೊಳ್ಳೆ ಹೊಡೆದುದು ಇದೇ ೧೭೯೧ರಲ್ಲಿ. ಶತ್ರುವಿಗೆ ಮೇವು ದೊರೆಯಬಾರದೆಂದು ಟಿಪ್ಪುವಿನ ಸವಾರರೂ ದಾರಿಯುದ್ದಕ್ಕೂ ಹುಲ್ಲನ್ನೂ ಬೆಳೆಯನ್ನೂ ಸುಟ್ಟರು. ಕಂಪೆನಿಯವರು, ಪೇಶ್ವೆಯವರು, ನಿಜಾಮನವರು, ಸ್ವಂತ ಅರಸನವರು, ಹೀಗೆ ನಾಲ್ಕು ಸೇನೆಗಳಿಗೆ ಒಂದೇ ನೆಲ ಉಣಬಡಿಸಬೇಕಾಯಿತು.

೧೭೯೨ನೆಯ ಮಾರ್ಚಿಯಲ್ಲಿ ಆದ ಶ್ರೀರಂಗಪಟ್ಟಣದ ಕೌಲಿನಂತೆ ಟಿಪ್ಪುವು ರಾಜ್ಯದ ಅರ್ಧಭಾಗವನ್ನು ಬಿಟ್ಟುಕೊಟ್ಟು, ೩ ಕೋಟಿ ೩೦ ಲಕ್ಷ ರೂಪಾಯಿ ದಂಡ ತೆರಲು ಒಪ್ಪಿ, ಇಬ್ಬರು ಮಕ್ಕಳನ್ನು ಒತ್ತೆಯಿಟ್ಟ. ಒತ್ತೆಯಾದ ರಾಜಕುಮಾರರ ಚಿತ್ರಗಳು ಇಂಗ್ಲೆಂಡಿನಲ್ಲಿ ಅನೇಕವಾಗಿ ರಚಿತವಾದವು. ದಂಡದ ಹೊರೆ ಹೊತ್ತ ರೈತನ ಚಿತ್ರವನ್ನು ಬರೆದವರಿಲ್ಲ.

೩

ಈ ಸೀಮೆಯ ಯುದ್ಧಾನಂತರದ ಸ್ಥಿತಿಗೆ ವಿಸ್ತಾರವಾದ ಲಿಖಿತ ಸಾಕ್ಷ್ಯವೆಂದರೆ ಫ್ರಾನ್ಸಿಸ್ ಬುಕಾನನನ ಪ್ರವಾಸಗ್ರಂಥ. ಕಂಪೆನಿಯ ವೈದ್ಯಾಧಿಕಾರಿಯಾಗಿದ್ದ ಈತನು ಗವರ್ನರ್ ಜನರಲ್ ವೆಲ್ಲೆಸ್ಲಿಯ ಆಜ್ಞೆಯಂತೆ ೧೮೦೦ನೆಯ ಏಪ್ರಿಲಿನಲ್ಲಿ ಮದರಾಸಿನಿಂದ ಹೊರಟು, ಮೈಸೂರು, ಕನ್ನಡ ಜಿಲ್ಲೆ, ಮಲೆಯಾಳ ಸೀಮೆಗಳನ್ನು ಸುತ್ತಿ, ೧೮೦೭ರಲ್ಲಿ ಲಂಡನ್ನಿನಲ್ಲಿ ಮೂರು ಸಂಪುಟಗಳನ್ನು ಪ್ರಕಟಿಸಿದ. ಶಿರಾದಿಂದ ಶ್ರೀರಂಗಪಟ್ಟಣಕ್ಕೆ ಹೋಗುವಾಗ ಚಿಕ್ಕನಾಯಕನಹಳ್ಳಿ, ತುರುವೇಕೆರೆ, ಬೆಳ್ಳೂರು, ನಾಗಮಂಗಲಗಳ ಮಾರ್ಗವಾಗಿ ಸಾಗಿದ. ಟಿಪ್ಪು ಸತ್ತು ಒಂದು ವರ್ಷವಷ್ಟೇ ಕಳೆದಿತ್ತು. ಪರಶುರಾಮ ಭಾವುವಿನ ದಂಡು ಹೋಗಿ ಒಂಬತ್ತು ವರ್ಷಗಳಾಗಿದ್ದವು. ಒಂಬತ್ತು ವರ್ಷಗಳಾದ ಮೇಲೆಯೂ ಅವನಿಗೆ ಎದುರಾದವು ಪಾಳುಬಿದ್ದ ಮನೆಗಳು, ಕುಗ್ಗಿದ ಪೇಟೆಗಳು, ಉಳುವವರಿಲ್ಲದ ಹೊಲಗಳು. ಜನರು ಕಾಲವನ್ನು ಲೆಕ್ಕ ಹಾಕುವಾಗ ದಂಡು ಬರುವ ಮುಂಚೆ, ಬಂದ ಮೇಲೆ ಎಂದು ಎಣಿಸುತ್ತಿದ್ದುದು ಅವನ ಪುಟಗಳಿಂದ ವಿದಿತವಾಗುತ್ತದೆ.

ಈ ಗ್ರಂಥವನ್ನು ಸಾಕ್ಷ್ಯವಾಗಿ ಸ್ವೀಕರಿಸುವ ಮುನ್ನ ಅದರ ಸ್ವಭಾವವನ್ನು ಪರೀಕ್ಷಿಸಬೇಕು. ಮೊದಲನೆಯದಾಗಿ, ಇದು ಗೆದ್ದವರ ನೌಕರನು ಗೆದ್ದವರ ಉಪಯೋಗಕ್ಕಾಗಿ ಬರೆದ ವರದಿ. ನೆಲದಲ್ಲಿ ಏನು ಬೆಳೆಯುತ್ತದೆ, ಅದರಿಂದ ಎಷ್ಟು ಬರುತ್ತದೆ ಎಂಬುದೇ ಅವನಿಗೆ ವಿಧಿಸಿದ ಪ್ರಶ್ನೆ. ಎರಡನೆಯದಾಗಿ, ಹಾಳಾದುದರ ಹೊಣೆಯನ್ನು ಹೊರಿಸುವಾಗ ಅವನ ಲೇಖನಿ ಮರಾಠರ ಕಡೆಗೂ ಟಿಪ್ಪುವಿನ ಕಡೆಗೂ ಬೇಗ ತಿರುಗುತ್ತದೆ. ಮರಾಠರನ್ನು ಯುದ್ಧಕ್ಕೆ ಕೂಡಿಸಿಕೊಂಡ ಕಂಪೆನಿಯ ಕಡೆಗೆ ಅಷ್ಟು ಸುಲಭವಾಗಿ ತಿರುಗುವುದಿಲ್ಲ. ಮೂರನೆಯದಾಗಿ, ಅವನಿಗೆ ಕನ್ನಡ ಬಾರದು. ದುಭಾಷಿಯ ಮೂಲಕ ಬಂದ ಉತ್ತರಗಳನ್ನು ಅವನು ಬರೆದುಕೊಂಡ. ಕೇಳುವವನು ಸರ್ಕಾರದವನೆಂದು ತಿಳಿದ ರೈತನು ಹುಟ್ಟುವಳಿಯನ್ನು ಕಡಿಮೆಯಾಗಿಯೂ ನಷ್ಟವನ್ನು ಹೆಚ್ಚಾಗಿಯೂ ಹೇಳಿರಬಹುದು. ತನಗೆ ದೊರೆತ ಉತ್ತರಗಳನ್ನು ಬುಕಾನನನೇ ಅಲ್ಲಲ್ಲಿ ಶಂಕಿಸುತ್ತಾನೆ.

ಇಷ್ಟು ದೋಷಗಳಿದ್ದರೂ ಗ್ರಂಥಕ್ಕೆ ಒಂದು ಗುಣವಿದೆ. ಅವನು ಪ್ರತಿದಿನ ಒಂದೊಂದು ಊರಿನಲ್ಲಿ ನಿಂತು, ಆ ಊರಿನ ಮಣ್ಣನ್ನೂ ನೀರನ್ನೂ ಗಿಡವನ್ನೂ ವಿಚಾರಿಸಿದ. ಅದರಿಂದಾಗಿ ಅವನು ಉದ್ದೇಶಿಸದ ಒಂದು ಚಿತ್ರ ಅವನ ಪುಟಗಳಲ್ಲಿ ಮೂಡಿದೆ. ತೆಂಗಿನ ತೋಟವನ್ನು ಎಬ್ಬಿಸುವ ಕ್ರಮವನ್ನು ಅವನು ಬರೆದಿರುವ ಸೂಕ್ಷ್ಮತೆಯನ್ನು ಮೆಚ್ಚಬೇಕು. ಕೆಂಪು, ಕೆಂಪು ಬೆರೆತ ಹಸಿರು, ತಿಳಿಹಸಿರು, ಕಡುಹಸಿರು ಎಂದು ತೆಂಗಿನಕಾಯಿಯ ನಾಲ್ಕು ಬಗೆಗಳ ವಿವರವು ಮುಂದೆ ರೈಸರ ಗ್ಯಾಸೆಟಿಯರಿನಲ್ಲಿಯೂ ಸೇರಿತು. ತೋಟದ ಕ್ರಮವನ್ನು ಒಂದು ಪುಟದಲ್ಲಿ ಓದಿ, ಮುಂದಿನ ಪುಟಗಳಲ್ಲಿ ದಂಡಿನ ಕಥೆಯನ್ನು ಓದುವ ವಾಚಕನು ಎರಡನ್ನೂ ತಾನೇ ಜೋಡಿಸಬೇಕು. ಬುಕಾನನನು ಜೋಡಿಸುವುದಿಲ್ಲ. ಆ ಜೋಡಣೆಯೇ ವಿಮರ್ಶೆಯ ಕೆಲಸ.

೪

ನಾಗಮಂಗಲದ ಸುತ್ತಮುತ್ತ ಮೂರನೆಯ ಮೈಸೂರು ಯುದ್ಧದ ಕಾಲದಲ್ಲಿ ಮರಾಠರು ೧,೫೦,೦೦೦ ತಾಳಜಾತಿಯ ಮರಗಳನ್ನು ನಾಶಮಾಡಿದರೆಂಬ ಹೇಳಿಕೆಯೊಂದು ಗ್ಯಾಸೆಟಿಯರುಗಳಲ್ಲಿ ಬಂದಿದೆ. ಈ ಸಂಖ್ಯೆಯನ್ನು ಹೇಗೆ ಓದಬೇಕು? ಮರಗಳನ್ನು ಯಾರೂ ನಿಂತು ಎಣಿಸಿರಲಾರರು. ಸೊನ್ನೆಗಳಿಂದ ಮುಗಿಯುವ ಇಂಥ ಸಂಖ್ಯೆ ಲೆಕ್ಕದಿಂದ ಹುಟ್ಟಿದುದಲ್ಲ, ಬಾಯಿಂದ ಬಾಯಿಗೆ ಬಂದುದು. ಆದರೂ ಅದನ್ನು ತಳ್ಳಿಹಾಕುವುದು ವಿವೇಕವಲ್ಲ. ಸತ್ತ ಜನರ ಸಂಖ್ಯೆಯ ಬದಲು ಬಿದ್ದ ಮರಗಳ ಸಂಖ್ಯೆ ಜನರ ನೆನಪಿನಲ್ಲಿ ಉಳಿಯಿತೆಂಬುದು ಗಮನಾರ್ಹ. ಸತ್ತವರ ಮನೆಯವರು ಅತ್ತು ಸುಮ್ಮನಾಗಬಹುದು. ಕಡಿದ ತೋಟವನ್ನು ಮಾತ್ರ ಬದುಕಿದವರು ಪ್ರತಿವರ್ಷವೂ ಕಾಣಬೇಕು.

ಈ ಸೀಮೆಯ ಎತ್ತರದ ತಳಿಯ ತೆಂಗು ನೆಟ್ಟ ಆರೇಳು ವರ್ಷಗಳಿಗೆ ಮುಂಚೆ ಫಲಕ್ಕೆ ಬರುವುದು ಅಪೂರ್ವ. ಪೂರ್ಣಫಲಕ್ಕೆ ಇನ್ನೂ ಕೆಲವು ವರ್ಷಗಳು ಬೇಕು. ಅನಂತರ ಅದು ಅರವತ್ತು ವರ್ಷಗಳಿಗೂ ಮೀರಿ ಕಾಯಿ ಕೊಡುತ್ತದೆ. ಕಾಯಿಯನ್ನು ಕೊಬ್ಬರಿ ಮಾಡುವುದಕ್ಕೂ ತಾಳ್ಮೆ ಬೇಕು: ಬಲಿತ ಕಾಯಿಗಳನ್ನು ಅಟ್ಟದ ಮೇಲೆ ಹರಡಿ, ಒಳಗಿನ ನೀರು ತಾನಾಗಿ ಬತ್ತುವ ವರೆಗೆ ಎಂಟು ಹತ್ತು ತಿಂಗಳು ಕಾಯಬೇಕು. ಹೀಗೆ ತೆಂಗಿನ ಬೇಸಾಯವೆಂಬುದು ಮುಂದಿನ ಕಾಲದ ಮೇಲೆ ಇಟ್ಟ ನಂಬಿಕೆ. ರಾಗಿಯ ಹೊಲವನ್ನು ಸುಟ್ಟರೆ ಒಂದು ವರ್ಷದ ಅನ್ನ ಹೋಗುತ್ತದೆ. ತೆಂಗನ್ನು ಕಡಿದರೆ ನೆಟ್ಟವನ ದುಡಿಮೆಯೂ ಅವನ ಮಗನ ಬದುಕೂ ಹೋಗುತ್ತವೆ. ಅಷ್ಟೇ ಅಲ್ಲದೆ, ಮತ್ತೆ ನೆಡಬೇಕೆಂಬ ಧೈರ್ಯವೂ ಹೋಗುತ್ತದೆ. ಇನ್ನು ಹತ್ತು ವರ್ಷಗಳಲ್ಲಿ ಮತ್ತೊಂದು ದಂಡು ಬರುವುದೆಂದು ಅನುಭವದಿಂದ ಅರಿತವನು ತೆಂಗಿನ ಸಸಿಯನ್ನು ಏಕೆ ನೆಟ್ಟಾನು? ೧೭೫೭ರಿಂದ ೧೭೯೯ರ ವರೆಗಿನ ನಲವತ್ತೆರಡು ವರ್ಷಗಳಲ್ಲಿ ಈ ಪ್ರಾಂತಕ್ಕೆ ಒಂದು ತೆಂಗಿನ ಮರದ ಅರ್ಧಾಯುಷ್ಯದಷ್ಟು ಕಾಲವೂ ನಿರಂತರ ಶಾಂತಿ ದೊರೆಯಲಿಲ್ಲ.

ಇಲ್ಲಿ ಒಂದು ಆಕ್ಷೇಪಣೆ ಸಹಜವಾಗಿ ಏಳುತ್ತದೆ. ತಿಪಟೂರಿನ ಕೊಬ್ಬರಿಯ ಪೇಟೆ ಇಂದು ದೇಶಪ್ರಸಿದ್ಧವಾಗಿದೆ. ಸೀಮೆಯೇ ಕಲ್ಪತರು ನಾಡೆನಿಸಿದೆ. ಹಾಗಿರುವಾಗ ಯುದ್ಧದ ಪರಿಣಾಮ ಉಳಿದಿದೆಯೆಂದು ಹೇಳುವುದು ಹೇಗೆ? ಈ ಆಕ್ಷೇಪಣೆಯಲ್ಲಿ ತಥ್ಯವಿಲ್ಲದಿಲ್ಲ. ೧೭೯೯ರ ಬಳಿಕ ದಿವಾನ್ ಪೂರ್ಣಯ್ಯನು ಹಳೆಯ ಕಂದಾಯದ ಬಾಕಿಗಳನ್ನು ಮನ್ನಾ ಮಾಡಿದ. ಕೆರೆಕಟ್ಟೆಗಳ ದುರಸ್ತಿಗೆ ಗಮನ ಕೊಟ್ಟ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಬಂದ ರೈಲುದಾರಿಯು ಕೊಬ್ಬರಿಗೆ ದೂರದ ಪೇಟೆಗಳನ್ನು ತೆರೆಯಿತು. ತೋಟಗಳು ಮತ್ತೆ ಎದ್ದವು. ಆದರೆ ಎದ್ದ ತೋಟವು ಬಿದ್ದ ತೋಟದ ಒಡೆಯನದೇ ಆಗಬೇಕೆಂಬ ನಿಯಮವಿಲ್ಲ. ನಾಡಿನ ಸಮೃದ್ಧಿ ಮರಳಿದ ಮಾತ್ರಕ್ಕೆ ನಷ್ಟಪಟ್ಟವರಿಗೆ ಅದು ಮರಳಿತೆಂದು ಹೇಳಲಾಗದು. ಕಂದಾಯದ ದಾಖಲೆಗಳಲ್ಲಿ ಇಂದಿಗೂ ಉಳಿದಿರುವ ‘ಬೇಚರಾಕ್ ಗ್ರಾಮ’ವೆಂಬ ಮಾತು ಇದನ್ನೇ ಸೂಚಿಸುತ್ತದೆ. ಇದು ಪಾರಸಿಯ ‘ಬೇ ಚಿರಾಗ್’ ಶಬ್ದದಿಂದ ಬಂದುದು. ದೀಪವಿಲ್ಲದ ಊರೆಂದು ಅರ್ಥ. ಎಲ್ಲೆಯುಂಟು, ಹೆಸರುಂಟು, ಸರ್ವೆ ನಂಬರುಂಟು. ಸಂಜೆಗೆ ದೀಪ ಹಚ್ಚುವವರಿಲ್ಲ. ಎಲ್ಲ ಬೇಚರಾಕ್ ಗ್ರಾಮಗಳೂ ಯುದ್ಧದಿಂದಲೇ ಬರಿದಾದವೆಂದು ಹೇಳುವುದು ಅತಿರೇಕ. ಕ್ಷಾಮವೂ ಪ್ಲೇಗೂ ಜ್ವರವೂ ಅಷ್ಟೇ ಕಾರಣಗಳಾಗಿವೆ. ೧೮೭೬ರಿಂದ ೧೮೭೮ರ ವರೆಗಿನ ಧಾತು ಈಶ್ವರ ಕ್ಷಾಮ ಒಂದೇ ಎಷ್ಟೋ ಊರುಗಳನ್ನು ಬರಿದುಮಾಡಿತು. ಆದರೂ ಸರ್ಕಾರದ ಕಡತಕ್ಕೆ ಇಂಥ ಶಬ್ದವೊಂದು ನಿತ್ಯವ್ಯವಹಾರದ ಪರಿಭಾಷೆಯಾಗಿ ಬೇಕಾಯಿತೆಂಬುದೇ ವಿಚಾರಾರ್ಹ.

ಯುದ್ಧದ ಗುರುತು ಹುಲ್ಲುಗಾವಲಿನಲ್ಲಿಯೂ ಉಂಟು. ಹೈದರ್ ಟಿಪ್ಪುಗಳ ಕಾಲದಲ್ಲಿ ಫಿರಂಗಿಗಳನ್ನೂ ಸಾಮಾನುಗಳನ್ನೂ ಎಳೆದ ಅಮೃತಮಹಲ್ ದನಗಳಿಗಾಗಿ ವಿಶಾಲವಾದ ಕಾವಲುಗಳನ್ನು ಮೀಸಲಿಡಲಾಯಿತು. ೧೭೯೯ರ ಅನಂತರ ಆ ತಳಿಯೂ ಇಂಗ್ಲಿಷರ ದಂಡಿನ ಸೇವೆಗೆ ಸೇರಿತು. ತಿಪಟೂರು ತಾಲ್ಲೂಕಿನ ಕೋನೇಹಳ್ಳಿಯಲ್ಲಿ ಆ ತಳಿಯ ಸಂವರ್ಧನ ಕೇಂದ್ರ ಮುಂದಕ್ಕೂ ನಡೆದುಬಂದಿದೆ. ಹೊಲವಾಗದೆ ಕಾವಲಾಗಿ ಉಳಿದ ಆ ನೆಲದ ಚರಿತ್ರೆಯಲ್ಲಿ ಫಿರಂಗಿಯ ಅಗತ್ಯವೂ ಒಂದು ಅಧ್ಯಾಯ. ೧೭೯೯ರ ಒಪ್ಪಂದದಂತೆ ಮೈಸೂರು ಸಂಸ್ಥಾನವು ಪರಸೇನೆಯ ಪೋಷಣೆಗೆಂದು ವರ್ಷಕ್ಕೆ ೭ ಲಕ್ಷ ವರಹ, ಎಂದರೆ ೨೪½ ಲಕ್ಷ ರೂಪಾಯಿ, ಕೊಡಬೇಕಾಯಿತು. ೧೮೯೬ರಿಂದ ಅದು ೩೫ ಲಕ್ಷಕ್ಕೆ ಏರಿತು. ೧೯೨೮ರಲ್ಲಿ ಹಿಂದಿನ ಮೊತ್ತಕ್ಕೆ ಇಳಿಯಿತು. ಶ್ರೀರಂಗಪಟ್ಟಣ ಬಿದ್ದು ಒಂದು ಶತಮಾನ ಕಳೆದ ಮೇಲೆಯೂ ಆ ಯುದ್ಧದ ವೆಚ್ಚ ನಾಡಿನ ಬೊಕ್ಕಸದಿಂದ ಹೋಗುತ್ತಲೇ ಇತ್ತು. ದಂಡು ಹೋಯಿತೆಂದು ಹೇಳುವುದು ಹೀಗಾಗಿ ಪೂರ್ತಿ ನಿಜವಲ್ಲ. ೧೮೦೯ರಲ್ಲಿ ಬೆಂಗಳೂರಿನಲ್ಲಿ ನೆಲಸಿದ ಆ ಪಾಳೆಯಕ್ಕೆ ಕನ್ನಡಿಗರು ಕೊಟ್ಟ ಹೆಸರೇ ದಂಡು.

೫

ಈಗ ಕನ್ನಡ ಬರೆವಣಿಗೆಯನ್ನು ನೋಡಬಹುದು. ನಲ್ಲಪ್ಪನು ೧೭೮೪ರಲ್ಲಿ ರಚಿಸಿದ ‘ಹೈದರ್ ನಾಮೆ’ಯು ಆ ಕಾಲದ ಗದ್ಯದ ಅಮೂಲ್ಯ ಮಾದರಿ, ಮೈಸೂರು ಪ್ರಾಕ್ತನ ಇಲಾಖೆಯ ೧೯೩೦ರ ವರದಿಯ ಮೂಲಕ ಅದು ವಿದ್ವಾಂಸರಿಗೆ ಪರಿಚಿತವಾಯಿತು. ಅದರ ಲಕ್ಷ್ಯ ನಾಯಕನ ಏಳಿಗೆಯ ಮೇಲೆ. ದೇವಚಂದ್ರನ ‘ರಾಜಾವಳಿ ಕಥೆ’ಯು ಮತಪುರಾಣವನ್ನೂ ರಾಜವಂಶಗಳ ವೃತ್ತಾಂತವನ್ನೂ ಹೆಣೆಯುತ್ತದೆ. ಮೈಸೂರು ಅರಸರ ವಂಶಾವಳಿಗಳು ಪಟ್ಟಾಭಿಷೇಕದಿಂದ ಪಟ್ಟಾಭಿಷೇಕಕ್ಕೆ ಹೆಜ್ಜೆಯಿಡುತ್ತವೆ. ಟಿಪ್ಪುವನ್ನು ಕುರಿತ ಲಾವಣಿಗಳು ವೀರನ ಮರಣವನ್ನು ಹಾಡುತ್ತವೆ. ಇವೆಲ್ಲ ತಮ್ಮ ತಮ್ಮ ಧರ್ಮವನ್ನು ಪಾಲಿಸಿವೆ. ಅವುಗಳಲ್ಲಿ ಇಲ್ಲದುದಕ್ಕಾಗಿ ಅವುಗಳನ್ನು ದೂಷಿಸುವುದು ನ್ಯಾಯವಲ್ಲ. ಆದರೆ ಇಲ್ಲದುದು ಏನೆಂದು ಗುರುತಿಸುವುದು ಕರ್ತವ್ಯ.

ಇದಕ್ಕೆ ಒಂದು ಅಪವಾದವುಂಟು. ೧೭೯೧ರಲ್ಲಿ ಮರಾಠಾ ಸೇನೆಯವರು ಶೃಂಗೇರಿಯ ಮಠವನ್ನು ಲೂಟಿ ಮಾಡಿದ ಬಳಿಕ ಟಿಪ್ಪುವಿಗೂ ಅಲ್ಲಿಯ ಸ್ವಾಮಿಗಳಿಗೂ ನಡೆದ ಪತ್ರವ್ಯವಹಾರವನ್ನು ಆರ್. ನರಸಿಂಹಾಚಾರ್ಯರು ೧೯೧೬ರಲ್ಲಿ ಬೆಳಕಿಗೆ ತಂದರು. ಆ ಕನ್ನಡ ಪತ್ರಗಳಲ್ಲಿ ಲೂಟಿಯ ವಿಷಾದವಿದೆ, ದೇವಿಯ ಪುನಃಪ್ರತಿಷ್ಠೆಗೆ ನೆರವಿನ ಏರ್ಪಾಡಿದೆ. ಯುದ್ಧದ ಹಾನಿಯೂ ಅದರ ಪರಿಹಾರವೂ ಕನ್ನಡ ಗದ್ಯದಲ್ಲಿ ಹೀಗೆ ಎದುರುಬದುರಾಗಿ ನಿಂತ ದಾಖಲೆ ವಿರಳ. ಇದು ಉಳಿದುದಕ್ಕೆ ಕಾರಣ ಮಠಕ್ಕೆ ಕಡತವಿದ್ದುದು. ಅದೇ ವರ್ಷ ಕೊಳ್ಳೆಹೋದ ಹಳ್ಳಿಗಳಿಗೆ ಕಡತವಿರಲಿಲ್ಲ. ಅರಸನಿಗೆ ಬರೆದರೆ ಉತ್ತರ ಬಂದೀತೆಂಬ ಭರವಸೆಯೂ ಇರಲಿಲ್ಲ. ದಾಖಲೆಯಿದ್ದವನ ನಷ್ಟ ದಾಖಲೆಯಾಗುತ್ತದೆ. ಇಲ್ಲದವನ ನಷ್ಟ ಗಾದೆಯಾಗುತ್ತದೆ. ‘ದಂಡಿಗೆ ಹೆದರಲಿಲ್ಲ, ದಾಳಿಗೆ ಹೆದರಲಿಲ್ಲ, ದಾಸಯ್ಯನ ಜಾಗಟೆಗೆ ಹೆದರುವೆನೆ’ ಎಂಬ ಗಾದೆಯನ್ನು ಇಂದು ನಗುತ್ತ ಹೇಳುತ್ತಾರೆ. ದಂಡನ್ನೂ ದಾಳಿಯನ್ನೂ ಭಯದ ಅಳತೆಗೋಲಾಗಿ ಇಟ್ಟುಕೊಂಡ ಜನರ ಅನುಭವ ಆ ನಗೆಯ ಕೆಳಗಿದೆ.

ಕೊಲಿನ್ ಮೆಕೆಂಜಿಯು ಕೂಡಿಸಿದ ಕೈಫಿಯತ್ತುಗಳು ಈ ಕೊರತೆಯನ್ನು ಸ್ವಲ್ಪಮಟ್ಟಿಗೆ ತುಂಬುತ್ತವೆ. ಊರಿನ ಶಾನುಭೋಗರು, ಹಿರಿಯರು ಹೇಳಿದ ಸ್ಥಳವೃತ್ತಾಂತಗಳು ಅವು. ೧೯೯೪ರಲ್ಲಿ ಎಂ. ಎಂ. ಕಲಬುರ್ಗಿಯವರ ಸಂಪಾದಕತ್ವದಲ್ಲಿ ಕರ್ನಾಟಕದ ಕೈಫಿಯತ್ತುಗಳು ಅಚ್ಚಾದ ಮೇಲೆ ಅವು ಸಾಮಾನ್ಯ ಅಧ್ಯಾಪಕನ ಕೈಗೂ ಎಟಕುವ ಸಾಮಗ್ರಿಯಾಗಿವೆ. ಆದರೆ ಅವುಗಳನ್ನು ಇತಿಹಾಸದ ಕಚ್ಚಾ ಸಾಮಗ್ರಿಯೆಂದು ಬಳಸುವವರು ಹೆಚ್ಚು, ಗದ್ಯಸಾಹಿತ್ಯವೆಂದು ಓದುವವರು ಕಡಿಮೆ.

೬

ಕನ್ನಡಕ್ಕೆ ಯುದ್ಧಾನಂತರದ ಶೋಕವನ್ನು ಹೇಳುವ ಶಕ್ತಿ ಇರಲಿಲ್ಲವೆ? ಹಾಗೆ ಹೇಳುವುದು ಸಾಹಸ. ರನ್ನನ ಗದಾಯುದ್ಧದಲ್ಲಿ ದುರ್ಯೋಧನನು ಭೀಷ್ಮನನ್ನು ಕಾಣಲು ಹೆಣಗಳ ನಡುವೆ ನಡೆದು, ದ್ರೋಣನನ್ನೂ ದುಶ್ಶಾಸನನನ್ನೂ ಕರ್ಣನನ್ನೂ ಒಬ್ಬೊಬ್ಬರಾಗಿ ಎದುರುಗೊಳ್ಳುವ ಭಾಗವು ಯಾವ ಭಾಷೆಯ ಯುದ್ಧಕಾವ್ಯಕ್ಕೂ ಸಮನಾಗಿ ನಿಲ್ಲತಕ್ಕದ್ದು. ಶಕ್ತಿ ಇತ್ತು, ಆದರೆ ಆ ಶಕ್ತಿ ಕುರುಕ್ಷೇತ್ರದ ಎಲ್ಲೆಯನ್ನು ದಾಟಿ ನಾಗಮಂಗಲದ ದಾರಿಗೆ ಬರಲಿಲ್ಲ. ನಾಯಕನು ಹಿರಿಯನಾದಷ್ಟೂ ಶೋಕ ಕಾವ್ಯಯೋಗ್ಯವಾಗುತ್ತದೆಂಬ ಸಂಪ್ರದಾಯವೇ ಅದನ್ನು ತಡೆದಂತಿದೆ.

ಈ ಸಂಬಂಧದಲ್ಲಿ ಬಿ. ಎಂ. ಶ್ರೀಕಂಠಯ್ಯನವರ ಕೃತಿಗಳನ್ನು ಸ್ಮರಿಸುವುದು ಉಚಿತ. ಅವರು ೧೮೮೪ರಲ್ಲಿ ಜನಿಸಿದ ಸಂಪಿಗೆ ಇದೇ ತುರುವೇಕೆರೆ ಸೀಮೆಯದು; ಅವರ ಮನೆತನದ ಬೆಳ್ಳೂರು ನಾಗಮಂಗಲ ತಾಲ್ಲೂಕಿನದು. ಎರಡು ಊರುಗಳೂ ೧೭೯೧ರ ದಂಡಿನ ದಾರಿಯ ಆಸುಪಾಸಿನವು. ರನ್ನನ ಕಾವ್ಯವನ್ನು ‘ಗದಾಯುದ್ಧ ನಾಟಕಂ’ ಆಗಿ ರೂಪಿಸಿದ ಅವರೇ ೧೯೩೫ರಲ್ಲಿ ಈಸ್ಕಿಲಸನ ನಾಟಕವನ್ನು ‘ಪಾರಸಿಕರು’ ಎಂದು ಕನ್ನಡಕ್ಕೆ ತಂದರು. ಕ್ರಿ. ಪೂ. ೪೮೦ರಲ್ಲಿ ಸಾಲಮಿಸ್ಸಿನ ಕಾಳಗವನ್ನು ಗೆದ್ದ ಗ್ರೀಕರಲ್ಲಿ ಒಬ್ಬನಾದ ಕವಿ, ಎಂಟು ವರ್ಷಗಳ ಮೇಲೆ, ಸೋತ ಪಾರಸಿಕರ ಅರಮನೆಯಲ್ಲಿ ನಾಟಕವನ್ನಿಟ್ಟು, ಶತ್ರುವಿನ ತಾಯಿಯ ಕಳವಳವನ್ನೂ ಹಿರಿಯರ ಗೋಳನ್ನೂ ತನ್ನವರ ಮುಂದೆ ಆಡಿಸಿದ. ಯುದ್ಧದ ಸತ್ಯವನ್ನು ಸೋತವರ ಮನೆಯಲ್ಲಿ ನಿಂತು ನೋಡಬೇಕೆಂಬ ಪಾಠ ಇದರಿಂದ ಕನ್ನಡಕ್ಕೆ ಬಂತು. ಆದರೆ ಅಲ್ಲಿಯೂ ಮನೆಯೆಂದರೆ ಅರಮನೆ. ಅರಮನೆಯಿಂದ ಅಟ್ಟದ ಮೇಲೆ ಕಾಯಿ ಹರಡಿದ ಮನೆಗೆ ಇನ್ನೊಂದು ಹೆಜ್ಜೆ ಇಡಬೇಕಾಗಿತ್ತು. ಮುಂದಿನ ಚಾರಿತ್ರಿಕ ಕಾದಂಬರಿ, ನಾಟಕಗಳು, ಮಾಸ್ತಿಯವರ ‘ಚೆನ್ನಬಸವನಾಯಕ’ದಿಂದ (೧೯೪೯) ತ. ರಾ. ಸು. ಅವರ ‘ದುರ್ಗಾಸ್ತಮಾನ’ದ (೧೯೮೨) ವರೆಗೆ, ಘನವಾದ ಕೃತಿಗಳೇ ಆದರೂ ಬಹುತರವಾಗಿ ಸಿಂಹಾಸನದ ಸುತ್ತಲೇ ನಿಂತಿವೆ.

೭

ಈ ವಿಚಾರಕ್ಕೆ ದೂರದ ದೇಶವೊಂದರ ಹೋಲಿಕೆ ಬೆಳಕು ಕೊಡುತ್ತದೆ. ಮೈಸೂರಿಗೂ ಕಾಬೂಲಿಗೂ ಸಂಬಂಧ ಕಲ್ಪಿಸಿದುದು ಇತಿಹಾಸವೇ. ಇಂಗ್ಲಿಷರ ವಿರುದ್ಧ ನೆರವು ಕೋರಿ ಟಿಪ್ಪುವು ಆಫ್ಘನರ ದೊರೆ ಜಮಾನ್ ಷಾಹನೊಡನೆ ಪತ್ರವ್ಯವಹಾರ ನಡೆಸಿದ್ದ. ಜಮಾನ್ ಷಾಹನು ಉತ್ತರ ಹಿಂದೂಸ್ಥಾನಕ್ಕೆ ಇಳಿದಾನೆಂಬ ಭೀತಿಯು ೧೭೯೯ರ ಯುದ್ಧಕ್ಕೆ ವೆಲ್ಲೆಸ್ಲಿಯು ಮುಂದಿಟ್ಟ ನೆಪಗಳಲ್ಲಿ ಒಂದು. ಮೈಸೂರನ್ನು ಗೆದ್ದ ಕಂಪೆನಿಯು ನಲವತ್ತು ವರ್ಷಗಳಾದ ಮೇಲೆ, ೧೮೩೯ರಲ್ಲಿ, ಆಫ್ಘಾನಿಸ್ಥಾನಕ್ಕೂ ದಂಡು ಕಳುಹಿತು. ಕಾಬೂಲಿನ ಉತ್ತರಕ್ಕೆ ಷೊಮಾಲಿ ಬಯಲಿನ ಅಂಚಿನಲ್ಲಿರುವ ಇಸ್ತಾಲಿಫ್ ದ್ರಾಕ್ಷಿಯ ತೋಟಗಳಿಗೂ ಮಣ್ಣಿನ ಪಾತ್ರೆಗಳಿಗೂ ಹೆಸರಾದ ಊರು. ೧೮೪೨ರಲ್ಲಿ ಇಂಗ್ಲಿಷರ ಸೇನೆ ಅದನ್ನು ಸುಟ್ಟಿತು. ತೋಟಗಳು ಮತ್ತೆ ಎದ್ದವು. ೧೯೭೯ರಲ್ಲಿ ರಷ್ಯದ ಸೇನೆ ಬಂದು ೧೯೮೯ರ ವರೆಗೆ ನಿಂತಿತು; ೧೯೯೯ರಲ್ಲಿ ಸ್ವದೇಶದವರೇ ಆದ ತಾಲಿಬಾನರು ಷೊಮಾಲಿಯ ಬಳ್ಳಿಗಳನ್ನೂ ಮರಗಳನ್ನೂ ಕಡಿದು ಸುಟ್ಟು, ಇಸ್ತಾಲಿಫನ್ನು ಮತ್ತೆ ಹಾಳುಗೆಡವಿದರು; ೨೦೦೧ರಲ್ಲಿ ಬಂದ ಅಮೆರಿಕದ ಸೇನೆ ೨೦೨೧ನೆಯ ಆಗಸ್ಟಿನಲ್ಲಿ ಹೊರಟುಹೋಯಿತು. ಲಕ್ಷಾಂತರ ಜನರು ಪಾಕಿಸ್ಥಾನ, ಇರಾನುಗಳಲ್ಲಿ ನಿರಾಶ್ರಿತರಾಗಿ ಬದುಕಿದರು. ಹೂತಿಟ್ಟ ಸಿಡಿಗುಂಡುಗಳು ಯುದ್ಧ ನಿಂತ ಹೊಲಗಳಲ್ಲಿಯೂ ಕೊಲ್ಲುತ್ತ ಬಂದಿವೆ.

ಎರಡು ನಾಡುಗಳ ಕಾಲ, ಮತ, ಪ್ರಮಾಣಗಳು ಬೇರೆ. ಆಫ್ಘನರು ಅನುಭವಿಸಿದ ನಾಲ್ಕು ದಶಕಗಳ ಕಷ್ಟವನ್ನು ಒಂದು ಸೀಮೆಯ ಹಳೆಯ ಕಥೆಯೊಡನೆ ಸರಿದೂಗಿಸುವುದು ತರವಲ್ಲ. ಆದರೆ ಎರಡು ಕಡೆಯೂ ಒಂದು ಸಾಮ್ಯ ಕಂಡುಬರುತ್ತದೆ. ಎರಡು ಕಡೆಯೂ ಜನರು ನಿಧಾನವಾಗಿ ಫಲ ಕೊಡುವ ಗಿಡಗಳನ್ನು ನಂಬಿದವರು. ಒಣಗಿಸಿದ ಫಲವನ್ನು ದೂರದೇಶಗಳಿಗೆ ಮಾರಿ ಬದುಕಿದವರು. ಎರಡು ಕಡೆಯೂ ಹೊರಗಿನ ಸೇನೆಯ ಕೆಲಸವನ್ನು ಒಳಗಿನ ಸೇನೆ ಮುಂದುವರಿಸಿತು. ಬೇಚರಾಕ್ ಎಂಬ ಶಬ್ದದಲ್ಲಿರುವ ಚಿರಾಗ್ ಕಾಬೂಲಿನ ಮನೆಮನೆಯಲ್ಲಿ ಇಂದೂ ಆಡುವ ಮಾತು. ತುಮಕೂರಿನ ಕಂದಾಯದ ಕಡತಕ್ಕೂ ಷೊಮಾಲಿಯ ಬರಿದಾದ ಹಳ್ಳಿಗೂ ಒಂದೇ ಶಬ್ದ ಹೊಂದುವುದು ಭಾಷಾಶಾಸ್ತ್ರದ ಕುತೂಹಲ ಮಾತ್ರವೆಂದು ಹೇಳಿ ಮುಗಿಸುವಂತಿಲ್ಲ. ಕನ್ನಡ ವಾಚಕರಿಗೆ ಆಫ್ಘನನು ಬಹುಕಾಲ ಪರಿಚಿತನಾಗಿದ್ದುದು ಠಾಕೂರರು ೧೮೯೨ರಲ್ಲಿ ಬರೆದ ಕಾಬೂಲಿವಾಲನ ಕಥೆಯ ಮೂಲಕ. ಆ ಕಥೆಯ ಹಿರಿಮೆ ಇರುವುದು ಪರದೇಶದ ವ್ಯಾಪಾರಿಗೆ ಊರಲ್ಲಿ ಮಗಳೊಬ್ಬಳಿದ್ದಾಳೆಂದು ಕಾಣಿಸಿದುದರಲ್ಲಿ. ಯುದ್ಧದ ವಾರ್ತೆಗಳು ಕಾಣಿಸದೆ ಬಿಡುವುದು ಅದನ್ನೇ.

೮

ಮೇಲಿನ ಪರಿಶೀಲನೆಯಿಂದ ಸಿದ್ಧವಾಗುವ ಅಂಶ ಇಷ್ಟು. ಯುದ್ಧಕ್ಕೆ ಮೂರು ಅಳತೆಗಳುಂಟು. ಅರಸರ ಅಳತೆ ಕೌಲಿನಲ್ಲಿ ಮುಗಿಯುತ್ತದೆ. ಕವಿಗಳ ಅಳತೆ ನಾಯಕನ ಮರಣದಲ್ಲಿ ಮುಗಿಯುತ್ತದೆ. ನೆಲದ ಅಳತೆ ಮಾತ್ರ ಮರ ಮತ್ತೆ ಫಲ ಕೊಡುವ ವರೆಗೆ, ಊರಿನಲ್ಲಿ ಮತ್ತೆ ದೀಪ ಹತ್ತುವ ವರೆಗೆ ಮುಗಿಯುವುದಿಲ್ಲ. ಮೊದಲೆರಡು ಅಳತೆಗಳಿಗೆ ಕನ್ನಡದಲ್ಲಿ ಗ್ರಂಥಗಳಿವೆ. ಮೂರನೆಯದಕ್ಕೆ ಇರುವ ಸಾಮಗ್ರಿ ಪ್ರವಾಸಿಯ ವರದಿ, ಕೈಫಿಯತ್ತು, ಪತ್ರ, ಗಾದೆ, ಸ್ಥಳನಾಮ, ಕಂದಾಯದ ಪರಿಭಾಷೆ ಇವುಗಳಲ್ಲಿ ಚೆದುರಿದೆ.

ಸಾಹಿತ್ಯದ ಅಧ್ಯಾಪಕರು ಈ ಚೆದುರಿದ ಸಾಮಗ್ರಿಯನ್ನು ತಮ್ಮ ವ್ಯಾಸಂಗದ ಹೊರಗೆಂದು ಭಾವಿಸಬೇಕಾಗಿಲ್ಲ. ಗದಾಯುದ್ಧವನ್ನು ಪಾಠ ಹೇಳುವಾಗ ಪಕ್ಕದಲ್ಲಿ ಒಂದು ಕೈಫಿಯತ್ತನ್ನಿಟ್ಟುಕೊಂಡರೆ ಎರಡಕ್ಕೂ ಲಾಭವಾಗುತ್ತದೆ: ಕಾವ್ಯದ ಶೋಕಕ್ಕೆ ನೆಲ ದೊರೆಯುತ್ತದೆ, ದಾಖಲೆಯ ನೆಲಕ್ಕೆ ದನಿ ದೊರೆಯುತ್ತದೆ. ಹಳ್ಳಿಗಳಿಂದ ಬರುವ ವಿದ್ಯಾರ್ಥಿಗಳು ತಮ್ಮ ಊರಿನ ಹೆಸರನ್ನು, ಗಡಿಯಾಚೆಗಿನ ಬೇಚರಾಕ್ ಊರಿನ ಹೆಸರನ್ನು, ಕಾವಲಿನ ಹೆಸರನ್ನು ಬರೆದುತಂದರೂ ಸಾಕು. ಸಂಶೋಧನೆಗೆ ಅದು ಸಣ್ಣ ಆರಂಭವಲ್ಲ. ತುರುವೇಕೆರೆಯ ಬಳಿಯ ಗುಡ್ಡದಲ್ಲಿ ದೊರೆಯುವ ಕರಿಯ ಕಲ್ಲು ಹೊಳಪಿಗೆ ಪ್ರಸಿದ್ಧ. ಶ್ರೀರಂಗಪಟ್ಟಣದಲ್ಲಿ ಹೈದರ್ ಟಿಪ್ಪುಗಳ ಗೋರಿಯ ಸುತ್ತಣ ಕಂಬಗಳು ಆ ಕಲ್ಲಿನವೆಂದು ಹೇಳುತ್ತಾರೆ. ಅರಸರ ನೆನಪಿಗೆ ಈ ಸೀಮೆ ಕಲ್ಲನ್ನು ಕೊಟ್ಟಿದೆ. ಈ ಸೀಮೆಯ ಜನರ ನೆನಪಿಗೆ ಕೊಡಬೇಕಾದುದು ಮಾತು. ಅದನ್ನು ಕೊಡುವ ಹೊಣೆ ಕನ್ನಡ ವಿದ್ವತ್ತಿನದು.